ಸ್ಯಾಮ್ ಸೈಮನ್: ಹೆಸರು ಮತ್ತು ದುಡಿಮೆ

ದೂರದರ್ಶನದ ಕೃತಿಗೆ ಕರ್ತೃ ಯಾರೆಂಬುದು ಸುಲಭವಾಗಿ ಇತ್ಯರ್ಥವಾಗುವ ಪ್ರಶ್ನೆಯಲ್ಲ. ಅಮೆರಿಕದ ಸ್ಯಾಮ್ ಸೈಮನ್ (1955–2015) ಫಿಲ್ಮೇಷನ್ ಸಂಸ್ಥೆಯಲ್ಲಿ ವ್ಯಂಗ್ಯಚಿತ್ರಮಾಲೆಗಳಿಗೆ ದುಡಿದು, ತಾವಾಗಿಯೇ ಬರೆದು ಕಳುಹಿಸಿದ ಕಥೆಯೊಂದರ ಬಲದಿಂದ ‘ಟ್ಯಾಕ್ಸಿ’ ಹಾಸ್ಯಮಾಲೆಯ ಲೇಖಕರಾದರು. ಅನಂತರ ‘ಚಿಯರ್ಸ್’ಗೂ ಬರೆದರು. 1989ರಲ್ಲಿ ಆರಂಭವಾದ ‘ದಿ ಸಿಂಪ್ಸನ್ಸ್’ ಮಾಲೆಯನ್ನು ಲೋಕವು ಮ್ಯಾಟ್ ಗ್ರೇನಿಂಗ್ ಅವರದೆಂದೇ ಬಲ್ಲದು. ಆ ಕುಟುಂಬದ ಪಾತ್ರಗಳು ಅವರ ಸೃಷ್ಟಿ, ನಿಜ. ಆದರೆ ಮೊದಲ ಲೇಖಕಮಂಡಲಿಯನ್ನು ಕೂಡಿಸಿ, ಅವರೊಡನೆ ಕುಳಿತು ಕಥೆಗಳನ್ನು ತಿದ್ದಿ ರೂಪಿಸಿದವರು ಸೈಮನ್. 1993ರಲ್ಲಿ ಅವರು ಮಾಲೆಯನ್ನು ತೊರೆದರು. ಒಪ್ಪಂದದಂತೆ ಆದಾಯದ ಪಾಲೂ ನಿರ್ಮಾಪಕರೆಂಬ ಹೆಸರೂ ಉಳಿದವು. ಹೆಸರುಪಟ್ಟಿಯನ್ನು ಆಧಾರವಾಗಿ ಹಿಡಿಯುವ ನಾವು ಇಲ್ಲಿ ಎಚ್ಚರವಹಿಸಬೇಕು: ಅನಂತರದ ಕಂತುಗಳಲ್ಲಿ ಕಾಣುವ ಆ ಹೆಸರು ಒಪ್ಪಂದದ ಗುರುತೇ ಹೊರತು ದುಡಿಮೆಯದಲ್ಲ. ಬಂದ ಹಣದ ಬಹುಪಾಲನ್ನು ಅವರು, ವಿಶೇಷವಾಗಿ ಅನಾಥ ನಾಯಿಗಳ ರಕ್ಷಣೆಗೆ, ದಾನವಾಗಿ ವಿನಿಯೋಗಿಸಿದರು.