ಅರಳು ಮರಳಲ್ಲ, ಅದೊಂದು ಕಾಯಿಲೆ

ಹರಿಹರದ ಪಕ್ಕದ ಗುತ್ತೂರಿನಂಥ ಊರಿನಲ್ಲಿ, ಉಂಡು ಕೈತೊಳೆದ ಅಜ್ಜ ಅರ್ಧ ಗಂಟೆಯಲ್ಲೇ ‘ಯವ್ವಾ, ಊಟಕ್ಕೆ ನೀಡಲ್ವಾ?’ ಎಂದು ಸೊಸೆಯನ್ನು ಕೇಳಿದರೆ ಮೊಮ್ಮಕ್ಕಳಿಗೆ ನಗು. ‘ಅರವತ್ತಕ್ಕೆ ಅರಳು ಮರಳು’ ಎಂದು ದೊಡ್ಡವರೂ ಸುಮ್ಮನಾಗುತ್ತಾರೆ. ಎಷ್ಟೋ ಮಂದಿ ವೈದ್ಯರ ಬಳಿಗೆ ಹೋಗದಿರುವುದು ಈ ಒಂದು ಮಾತಿನಿಂದಲೇ. ಕನ್ನಡಕ ಎಲ್ಲಿಟ್ಟೆನೆಂದು ಹುಡುಕುವುದು ವಯಸ್ಸಿನ ಮರೆವು. ದಿನವೂ ಓಡಾಡಿದ ಓಣಿಯಲ್ಲೇ ದಾರಿ ತಪ್ಪುವುದು, ಹಣದ ಲೆಕ್ಕ ತಿಳಿಯದಾಗುವುದು ಡಿಮೆನ್ಷಿಯಾದ ಲಕ್ಷಣವಿರಬಹುದು. ಭಾರತದಲ್ಲಿ 60 ದಾಟಿದವರ ಪೈಕಿ ಶೇ 7.4ರಷ್ಟು, ಅಂದರೆ ಸುಮಾರು 88 ಲಕ್ಷ ಜನರಿಗೆ ಇದು ಇದೆಯೆಂದು 2023ರಲ್ಲಿ ಪ್ರಕಟವಾದ ಸಮೀಕ್ಷೆಯೊಂದರ ಅಂದಾಜು. ಉಳಿದವರಿಗೆ ಇಲ್ಲವೆಂದ ಮೇಲೆ ಅದು ಮುಪ್ಪಿನ ಸಹಜ ಗುಣ ಹೇಗಾದೀತು?

ಬೆಂಗಳೂರಿನ ನಿಮ್ಹಾನ್ಸ್‌ನ ನರರೋಗತಜ್ಞೆ ಡಾ. ಸುವರ್ಣಾ ಅಲ್ಲಾಡಿ ಬಹುಕಾಲದಿಂದ ಈ ಕಾಯಿಲೆಯ ಬೆನ್ನು ಹತ್ತಿದವರು. ಅವರು ಹೈದರಾಬಾದಿನ ನಿಮ್ಸ್ ಆಸ್ಪತ್ರೆಯಲ್ಲಿದ್ದಾಗ, ಅವರ ತಂಡ ಅಲ್ಲಿಗೆ ಬಂದ 648 ಡಿಮೆನ್ಷಿಯಾ ರೋಗಿಗಳ ವಿವರಗಳನ್ನು ಪರಿಶೀಲಿಸಿತು. ಒಂದೇ ಭಾಷೆ ಆಡುವವರಿಗಿಂತ ಎರಡು ಭಾಷೆ ಬಲ್ಲವರಲ್ಲಿ ಕಾಯಿಲೆ ಸುಮಾರು ನಾಲ್ಕೂವರೆ ವರ್ಷ ತಡವಾಗಿ ತಲೆದೋರಿತ್ತು. 2013ರಲ್ಲಿ ‘ನ್ಯೂರಾಲಜಿ’ ಪತ್ರಿಕೆಯಲ್ಲಿ ಇದು ಪ್ರಕಟವಾಯಿತು. ಸ್ವಾರಸ್ಯವೆಂದರೆ, ಶಾಲೆಯ ಮೆಟ್ಟಿಲು ಹತ್ತದವರಲ್ಲೂ ಇಂಥ ಅಂತರ ಕಂಡಿತು. ಎರಡರ ಮೇಲೆ ಮೂರನೆಯ ಭಾಷೆ ಬಂದರೆ ಹೆಚ್ಚಿನ ಲಾಭವೇನೂ ಕಾಣಲಿಲ್ಲ.

ಹರಿಹರದ ಸಂತೆಯಲ್ಲಿ ಕನ್ನಡ, ಉರ್ದು, ತೆಲುಗು, ಮರಾಠಿ ಒಟ್ಟಿಗೇ ಕಿವಿಗೆ ಬೀಳುತ್ತವೆ. ಯಾರೂ ಅದನ್ನು ವಿದ್ಯೆ ಎಂದು ಎಣಿಸಿದವರಲ್ಲ. (ಇಂಗ್ಲಿಷ್ ಬರಲೆಂದು ಮಕ್ಕಳ ಮನೆಮಾತನ್ನು ಬಿಡಿಸುವ ತಂದೆತಾಯಿಯರು ಇದನ್ನು ಗಮನಿಸಬೇಕು.) ಹಾಗೆಂದು ಭಾಷೆ ಕಲಿತರೆ ರೋಗವೇ ಬಾರದೆಂದು ಹೇಳುವಂತಿಲ್ಲ. ಈ ವಿಷಯದಲ್ಲಿ ಬೇರೆ ಬೇರೆ ಅಧ್ಯಯನಗಳ ಫಲಿತಾಂಶ ಒಂದೇ ತೆರನಾಗಿಲ್ಲ.

ರೋಗವನ್ನು ಪತ್ತೆ ಮಾಡುವುದೂ ಸುಲಭವಲ್ಲ. ಪರದೇಶದ ಪರೀಕ್ಷೆಗಳಲ್ಲಿ ಬರೆಯಲು, ಚಿತ್ರ ಬಿಡಿಸಲು ಹೇಳುತ್ತಾರೆ; ಪೆನ್ನನ್ನೇ ಹಿಡಿಯದ ಅಜ್ಜಿ ಅದರಲ್ಲಿ ಸೋತರೆ ಅದು ಮರೆವೇ? ಆದ್ದರಿಂದ ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿಯ ಆಶ್ರಯದಲ್ಲಿ ಕನ್ನಡವೂ ಸೇರಿ ಐದು ಭಾಷೆಗಳಲ್ಲಿ ಪರೀಕ್ಷೆಗಳನ್ನು ಸಿದ್ಧಪಡಿಸಲಾಯಿತು. ಡಾ. ಅಲ್ಲಾಡಿ ಈ ಕೆಲಸದಲ್ಲೂ ಪಾಲ್ಗೊಂಡರು.

ಗುತ್ತೂರಿನಿಂದ ನಿಮ್ಹಾನ್ಸ್ 250 ಕಿಲೋಮೀಟರಿಗೂ ದೂರ. ತಜ್ಞರೇ ಸಿಗದ ಕಡೆ ಏನು ಮಾಡಬೇಕು? 2022ರಲ್ಲಿ ರಾಜ್ಯ ಸರ್ಕಾರ ಮತ್ತು ನಿಮ್ಹಾನ್ಸ್ ಸೇರಿ ಮೆದುಳಿನ ಆರೋಗ್ಯ ಯೋಜನೆಯೊಂದನ್ನು ಬೆಂಗಳೂರು, ಕೋಲಾರ, ಚಿಕ್ಕಬಳ್ಳಾಪುರಗಳಲ್ಲಿ ಆರಂಭಿಸಿದವು. ಪ್ರಾಥಮಿಕ ಆರೋಗ್ಯ ಕೇಂದ್ರದ ವೈದ್ಯರಿಗೇ ತರಬೇತಿ ಕೊಡುವುದು ಅದರ ಒಂದು ಮುಖ್ಯ ಭಾಗ. ಬಿ12 ಜೀವಸತ್ವದ ಕೊರತೆ, ಥೈರಾಯ್ಡ್ ತೊಂದರೆ, ಖಿನ್ನತೆಗಳಿಂದ ಬಂದ ಮರೆವಾದರೆ ಚಿಕಿತ್ಸೆಯಿಂದ ಸುಧಾರಿಸಬಹುದು. ಆಲ್ಜೀಮರ್ಸ್ ಆಗಿದ್ದರೆ ವಾಸಿಯಾಗದು. ಆದರೂ ರಕ್ತದೊತ್ತಡ, ಮಧುಮೇಹಗಳನ್ನು ಹಿಡಿತದಲ್ಲಿಡಬಹುದು, ಮಂದವಾದ ಕಿವಿಗೆ ಯಂತ್ರ ಕೊಡಿಸಬಹುದು.

ಮಿಕ್ಕದ್ದು ಮನೆಯವರ ಕೈಯಲ್ಲಿದೆ. ಅಜ್ಜ ಮತ್ತೆ ಊಟ ಕೇಳಿದಾಗ ‘ಈಗ ಉಂಡ್ಯಲ್ಲಜ್ಜ’ ಎಂದು ವಾದಕ್ಕೆ ಇಳಿಯುವುದಕ್ಕಿಂತ ಒಂದು ಲೋಟ ಮಜ್ಜಿಗೆ ಕೊಟ್ಟು, ಅವರ ಕಾಲದಲ್ಲಿ ತುಂಗಭದ್ರೆ ಹೇಗೆ ತುಂಬಿ ಹರಿಯುತ್ತಿದ್ದಳೆಂದು ಕೇಳಿದರೆ ಆಯಿತು. ಬೆಳಗಿನ ತಿಂಡಿಯನ್ನು ಮರೆತವರಿಗೂ ಐವತ್ತು ವರ್ಷದ ಹಿಂದಿನ ಹೊಳೆ ಎಷ್ಟೋ ಸಲ ನೆನಪಿರುತ್ತದೆ.