ಲಕ್ಸಂಬರ್ಗ್ ಲೆಕ್ಕದಲ್ಲಿ ಯಾರಿದ್ದಾರೆ?

ಜಗತ್ತಿನ ಶ್ರೀಮಂತ ದೇಶಗಳ ಪಟ್ಟಿ ಈಚಿನ ಯಾವ ವರ್ಷದ್ದೇ ಇರಲಿ, ಮೊದಲ ಕೆಲವು ಸಾಲುಗಳಲ್ಲಿ ಲಕ್ಸಂಬರ್ಗ್ ಹೆಸರು ಇದ್ದೇ ಇರುತ್ತದೆ. ತಲಾ ಜಿಡಿಪಿ ವರ್ಷಕ್ಕೆ ಒಂದೂಕಾಲು ಲಕ್ಷ ಡಾಲರ್‌ಗೂ ಮೇಲೆ. ಫ್ರಾನ್ಸ್, ಜರ್ಮನಿ, ಬೆಲ್ಜಿಯಂಗಳ ನಡುವೆ ಇರುವ ಈ ದೇಶದ ವಿಸ್ತೀರ್ಣ 2,586 ಚದರ ಕಿಲೋಮೀಟರ್. ನಮ್ಮ ಕೊಡಗು ಜಿಲ್ಲೆಯೇ (4,102) ಇದಕ್ಕಿಂತ ಎಷ್ಟೋ ದೊಡ್ಡದು. 2025ರ ಜನವರಿಯಲ್ಲಿ ಜನಸಂಖ್ಯೆ 6.82 ಲಕ್ಷ. ಬಸ್ಸು, ಟ್ರಾಮ್, ರೈಲು 2020ರ ಫೆಬ್ರುವರಿ 29ರಿಂದ ಎಲ್ಲರಿಗೂ ಉಚಿತ. ರೈಲಿನ ಮೊದಲ ದರ್ಜೆಗೆ ಮಾತ್ರ ಟಿಕೆಟ್ ಬೇಕು. ಬೆಲೆ ಸೂಚ್ಯಂಕ ಶೇ 2.5ರಷ್ಟು ಏರಿದಾಗಲೆಲ್ಲ ದೇಶದ ಎಲ್ಲರ ಸಂಬಳ, ಪಿಂಚಣಿಯೂ ಅಷ್ಟೇ ಏರಬೇಕೆಂದು ಕಾನೂನು ಹೇಳುತ್ತದೆ.

ಇದೆಲ್ಲ ನಿಜ. ಆದರೂ ಪಟ್ಟಿಯ ಆ ಮೇಲಿನ ಸಾಲನ್ನು ಹಾಗೇ ನಂಬಿದರೆ ಲಕ್ಸಂಬರ್ಗ್ ಅರ್ಥವಾಗುವುದಿಲ್ಲ.

ತಲಾ ಲೆಕ್ಕ ಎಂಬುದು ಒಂದು ಭಾಗಾಕಾರ. ದೇಶದೊಳಗೆ ವರ್ಷವಿಡೀ ಉತ್ಪಾದನೆಯಾದದ್ದರ ಮೌಲ್ಯ ಅಂಶ, ಅಲ್ಲಿ ವಾಸವಿರುವ ಜನರ ಸಂಖ್ಯೆ ಛೇದ. ಲಕ್ಸಂಬರ್ಗ್‌ನಲ್ಲಿ ದುಡಿಯುವವರೂ ವಾಸಿಸುವವರೂ ಒಂದೇ ಜನ ಅಲ್ಲ. ಸಂಬಳಕ್ಕೆ ದುಡಿಯುವವರಲ್ಲಿ ಅರ್ಧಕ್ಕೆ ತುಸು ಕಡಿಮೆ, ಅಂದರೆ ಸುಮಾರು 2.3 ಲಕ್ಷ ಮಂದಿ, ದೇಶದ ಹೊರಗೆ ವಾಸಿಸುತ್ತಾರೆ. ಅವರನ್ನು ಅಲ್ಲಿ ‘ಫ್ರಾಂತಾಲಿಯೇ’ ಎನ್ನುತ್ತಾರೆ, ಗಡಿಯಾಚೆಯ ನೌಕರರು. ಅರ್ಧಕ್ಕಿಂತ ಹೆಚ್ಚು ಜನ ಫ್ರಾನ್ಸಿನಿಂದ, ಉಳಿದವರು ಬೆಲ್ಜಿಯಂ ಮತ್ತು ಜರ್ಮನಿಯಿಂದ ಬರುತ್ತಾರೆ. ಅವರು ದುಡಿದದ್ದು ಅಂಶಕ್ಕೆ ಸೇರುತ್ತದೆ. ಛೇದದಲ್ಲಿ ಅವರು ಇಲ್ಲ.

ವಾರದ ದಿನ ಬೆಳಿಗ್ಗೆ ಫ್ರಾನ್ಸಿನ ತಿಯೊನ್‌ವಿಲ್ ನಿಲ್ದಾಣದಲ್ಲಿ ನಿಂತರೆ ಈ ಭಾಗಾಕಾರದ ದೋಷ ಕಣ್ಣಿಗೇ ಕಾಣುತ್ತದೆ. ಮೆಟ್ಝ್ ಕಡೆಯಿಂದ ಬರುವ ರೈಲು ಆಗಲೇ ತುಂಬಿರುತ್ತದೆ. ಪ್ಲಾಟ್‌ಫಾರ್ಮಿನಲ್ಲಿ ಕಾದವರು ಬಾಗಿಲ ಬಳಿ ಒತ್ತರಿಸಿಕೊಂಡು ನಿಲ್ಲುತ್ತಾರೆ. ಬ್ಯಾಂಕಿನ ಗುಮಾಸ್ತರು, ಆಡಿಟ್ ಕಂಪನಿಯ ಹುಡುಗರು, ಆಸ್ಪತ್ರೆಯ ದಾದಿಯರು, ಸೂಪರ್‌ಮಾರ್ಕೆಟ್ಟಿನ ಕ್ಯಾಷಿಯರ್‌ಗಳು, ಗಾರೆ ಕೆಲಸದವರು. ಪಕ್ಕದ ಎ31 ಹೆದ್ದಾರಿಯಲ್ಲಿ ಗಡಿಯವರೆಗೂ ಕಾರುಗಳ ಸಾಲು. ಉಚಿತ ಪ್ರಯಾಣದ ಸೌಲಭ್ಯ ಇವರಿಗೆ ಅರ್ಧಂಬರ್ಧ ಮಾತ್ರ, ಗಡಿಯವರೆಗಿನ ಟಿಕೆಟ್ಟಿನ ಹಣ ಇವರೇ ಕೊಡಬೇಕು. ಇವರ ಸಂಬಳದ ಮೇಲಿನ ತೆರಿಗೆ ಲಕ್ಸಂಬರ್ಗ್‌ಗೆ ಹೋಗುತ್ತದೆ, ಇವರ ಮಕ್ಕಳ ಶಾಲೆ ಮತ್ತು ಊರಿನ ರಸ್ತೆಯ ಖರ್ಚು ಫ್ರಾನ್ಸಿನ ಊರುಗಳ ಮೇಲೆ ಬೀಳುತ್ತದೆ. ಬೆಲ್ಜಿಯಂನ ಗಡಿ ಊರುಗಳಿಗೆ ಲಕ್ಸಂಬರ್ಗ್ ಒಂದಿಷ್ಟು ಪರಿಹಾರ ಕೊಡುತ್ತದೆ. ಫ್ರಾನ್ಸಿನ ಮೇಯರ್‌ಗಳು ಅದನ್ನೇ ವರ್ಷಗಳಿಂದ ಕೇಳುತ್ತಿದ್ದಾರೆ. ಅವರು ಕೇಳುತ್ತಿರುವುದು ನ್ಯಾಯವಾದದ್ದೇ ಎಂದು ನನಗನ್ನಿಸುತ್ತದೆ.

2020ರ ಮಾರ್ಚ್‌ನಲ್ಲಿ ಕೋವಿಡ್ ಕಾರಣಕ್ಕೆ ಜರ್ಮನಿ ಗಡಿ ತಪಾಸಣೆಯನ್ನು ಮತ್ತೆ ಶುರುಮಾಡಿದಾಗ ಲಕ್ಸಂಬರ್ಗ್ ಸರ್ಕಾರವನ್ನು ಮೊದಲು ಕಾಡಿದ್ದು ಆಸ್ಪತ್ರೆಗಳ ಚಿಂತೆ. ಅಲ್ಲಿನ ಸಿಬ್ಬಂದಿಯ ದೊಡ್ಡ ಪಾಲು ಗಡಿಯಾಚೆಯವರೇ. ಅವರು ಬರಲಾಗದೆ ಹೋದರೆ ವಾರ್ಡ್‌ಗಳನ್ನು ನಡೆಸುವವರಾರು? ಅವರು ಉಳಿದುಕೊಳ್ಳಲೆಂದು ಸರ್ಕಾರ ಹೋಟೆಲ್ ಕೋಣೆಗಳನ್ನು ಹಿಡಿದಿಟ್ಟಿತು. ಗಡಿಯಿಲ್ಲದ ಯೂರೋಪಿಗೆ ಹೆಸರು ಕೊಟ್ಟ ಶೆಂಗೆನ್ ಹಳ್ಳಿ ಇರುವುದೂ ಇದೇ ದೇಶದಲ್ಲಿ, ಮೊಸೆಲ್ ನದಿಯ ದಂಡೆಯ ಮೇಲೆ. ಆ ಒಪ್ಪಂದಕ್ಕೆ ಸಹಿ ಬಿದ್ದದ್ದು 1985ರ ಜೂನ್ 14ರಂದು, ಆ ನದಿಯ ಒಂದು ಹಡಗಿನಲ್ಲಿ.

ಯೂರೋಪಿನ ಅಂಕಿಅಂಶ ಸಂಸ್ಥೆ ಯೂರೋಸ್ಟಾಟ್ ಇನ್ನೊಂದು ಅಳತೆಯನ್ನೂ ಪ್ರಕಟಿಸುತ್ತದೆ: ಮನೆಮಂದಿ ನಿಜಕ್ಕೂ ಬಳಸುವ ಸರಕು ಮತ್ತು ಸೇವೆಗಳ ತಲಾ ಮೌಲ್ಯ. ಯೂರೋಪ್ ಒಕ್ಕೂಟದ ಸರಾಸರಿಯನ್ನು 100 ಎಂದಿಟ್ಟುಕೊಂಡರೆ ಲಕ್ಸಂಬರ್ಗ್‌ನ ತಲಾ ಜಿಡಿಪಿ 240ರ ಹತ್ತಿರ, ತಲಾ ಬಳಕೆ 140ರ ಆಸುಪಾಸು. ಇದೂ ಒಕ್ಕೂಟದ ಅತಿ ಮೇಲಿನ ಮಟ್ಟವೇ. ಆದರೆ ನೆರೆಯ ಜರ್ಮನಿಯಿಂದ ಕಣ್ಣಿಗೆ ಕಾಣದಷ್ಟು ದೂರದಲ್ಲೇನೂ ಇಲ್ಲ. ಗಡಿಯಾಚೆಗೆ ಹೋಗುವ ಸಂಬಳವನ್ನೂ ವಿದೇಶಿ ಹೂಡಿಕೆದಾರರಿಗೆ ಹೋಗುವ ಲಾಭವನ್ನೂ ಕಳೆದು ನೋಡಿದರೆ ದೇಶಕ್ಕೆ ಉಳಿಯುವ ಆದಾಯ ಜಿಡಿಪಿಯ ಮೂರನೇ ಎರಡು ಪಾಲಿನಷ್ಟು ಮಾತ್ರ.

ರಸ್ತೆಯ ಒಂದು ಬದಿ

ಬೆಲ್ಜಿಯಂನ ಮಾರ್ಟೆಲಾಂಜ್ ಎಂಬ ಊರಿನಲ್ಲಿ ಹೆದ್ದಾರಿಯ ಒಂದು ಬದಿ ಬೆಲ್ಜಿಯಂ, ಇನ್ನೊಂದು ಬದಿ ಲಕ್ಸಂಬರ್ಗ್‌ನ ರೊಂಬಾಕ್. ಬೆಲ್ಜಿಯಂ ಬದಿಯಲ್ಲಿ ಮನೆಗಳಿವೆ. ಎದುರು ಬದಿಯಲ್ಲಿ ಪೆಟ್ರೋಲ್ ಬಂಕುಗಳು ಒಂದಕ್ಕೊಂದು ಅಂಟಿಕೊಂಡಂತೆ ನಿಂತಿವೆ, ಸಿಗರೇಟು ಮತ್ತು ಮದ್ಯದ ಅಂಗಡಿಗಳೂ ಜೊತೆಗಿವೆ. ಲಕ್ಸಂಬರ್ಗ್‌ನಲ್ಲಿ ಸುಂಕ ಕಡಿಮೆ, ಹಾಗಾಗಿ ಯೂರೋಪನ್ನು ಹಾದುಹೋಗುವ ಲಾರಿಗಳು ಇಲ್ಲೇ ಟ್ಯಾಂಕ್ ತುಂಬಿಸಿಕೊಂಡು ಹೋಗುತ್ತವೆ. ಇಂಗಾಲದ ಲೆಕ್ಕ ಹಿಡಿಯುವುದು ಇಂಧನ ಮಾರಾಟವಾದ ದೇಶದ ಹೆಸರಿನಲ್ಲಿ. ಹೀಗಾಗಿ ತಲಾ ಹಸಿರುಮನೆ ಅನಿಲದ ಪಟ್ಟಿಯಲ್ಲೂ ಲಕ್ಸಂಬರ್ಗ್ ಮೇಲೆಯೇ ಇರುತ್ತದೆ. ಮದ್ಯ ಮತ್ತು ತಂಬಾಕಿನ ತಲಾ ಮಾರಾಟವೂ ಇದೇ ಕಾರಣಕ್ಕೆ ಹಿಗ್ಗಿ ಕಾಣುತ್ತದೆ. ಗಡಿಯಾಚೆಯ ನೌಕರರಿಗೆ ಕಂಪನಿಗಳು ಕೊಡುವ ಕಾರುಗಳು ಲಕ್ಸಂಬರ್ಗ್‌ನಲ್ಲೇ ನೋಂದಣಿಯಾಗುವುದರಿಂದ ತಲಾ ಕಾರುಗಳ ಸಂಖ್ಯೆಯೂ ಉಬ್ಬುತ್ತದೆ. ಸಿರಿತನದ ಸಂಖ್ಯೆಯನ್ನು ಹೆಮ್ಮೆಯಿಂದ ಹೇಳಿಕೊಳ್ಳುವವರು ಇಂಗಾಲದ ಸಂಖ್ಯೆ ಬಂದಾಗ ಮಾತ್ರ ‘ಅದು ನಮ್ಮದಲ್ಲ’ ಎನ್ನಲಾಗದು. ಎರಡೂ ಒಂದೇ ಗಡಿಯಿಂದ ಹುಟ್ಟಿದ ಸಂಖ್ಯೆಗಳು. 2021ರಲ್ಲಿ ಸರ್ಕಾರ ಇಂಧನದ ಮೇಲೆ ಇಂಗಾಲದ ತೆರಿಗೆ ಹಾಕಿದ್ದು ಸರಿಯಾದ ಹೆಜ್ಜೆ.

ಕಬ್ಬಿಣದಿಂದ ಕಾಗದಕ್ಕೆ

ಹತ್ತೊಂಬತ್ತನೇ ಶತಮಾನದಲ್ಲಿ ಇಲ್ಲಿನ ಜನ ಹೊಟ್ಟೆಪಾಡಿಗೆ ಅಮೆರಿಕಕ್ಕೆ ಹಡಗು ಹತ್ತಿದರು, ಕೆಲವರು ಬ್ರೆಜಿಲ್‌ಗೂ ಹೋದರು. ದಕ್ಷಿಣದ ಎಶ್ ಸುತ್ತಮುತ್ತ ‘ಮಿನೆಟ್’ ಎಂಬ ಕೆಂಪು ಅದಿರು ಹೇರಳವಾಗಿತ್ತು. ಅದರಲ್ಲಿ ರಂಜಕ ಹೆಚ್ಚಿದ್ದುದರಿಂದ ಒಳ್ಳೆಯ ಉಕ್ಕು ಬರುತ್ತಿರಲಿಲ್ಲ. ರಂಜಕ ತೆಗೆಯುವ ಥಾಮಸ್–ಗಿಲ್‌ಕ್ರಿಸ್ಟ್ ವಿಧಾನ 1879ರಲ್ಲಿ ಬಂದ ಮೇಲೆ ಈ ನೆಲದ ಹಣೆಬರಹವೇ ಬದಲಾಯಿತು. 1911ರಲ್ಲಿ ಆರ್ಬೆಡ್ ಎಂಬ ಉಕ್ಕಿನ ಕಂಪನಿ ಹುಟ್ಟಿತು. ಗಣಿಗೆ ಇಟಲಿಯವರು ಬಂದರು, ಆಮೇಲೆ ಕಟ್ಟಡ ಕೆಲಸಕ್ಕೆ ಪೋರ್ಚುಗೀಸರು. 1970ರ ದಶಕದ ಮಧ್ಯದಲ್ಲಿ ಉಕ್ಕಿನ ಬಿಕ್ಕಟ್ಟು ಬಡಿಯಿತು. 1981ರಲ್ಲಿ ಕೊನೆಯ ಗಣಿ, 1997ರಲ್ಲಿ ಬೆಲ್ವಾಲ್‌ನ ಕೊನೆಯ ಊದುಕುಲುಮೆ ನಿಂತವು. ಆ ಆವರಣದ ಮೂರು ಕುಲುಮೆಗಳಲ್ಲಿ ಒಂದನ್ನು ಬಿಚ್ಚಿ ಚೀನಾಕ್ಕೆ ಸಾಗಿಸಲಾಯಿತು. ಉಳಿದೆರಡು ಈಗ ಲಕ್ಸಂಬರ್ಗ್ ವಿಶ್ವವಿದ್ಯಾಲಯದ ಕಟ್ಟಡಗಳ ನಡುವೆ ನಿಂತಿವೆ. ಆರ್ಬೆಡ್ ಮೊದಲು ಆರ್ಸೆಲರ್‌ನಲ್ಲಿ ಕರಗಿತು, 2006ರಲ್ಲಿ ರಾಜಸ್ಥಾನದಲ್ಲಿ ಹುಟ್ಟಿದ ಲಕ್ಷ್ಮಿ ಮಿತ್ತಲ್ ಅವರ ಕೈ ಸೇರಿತು. ಆರ್ಸೆಲರ್‌ಮಿತ್ತಲ್‌ನ ನೋಂದಾಯಿತ ಕಚೇರಿ ಇಂದಿಗೂ ಲಕ್ಸಂಬರ್ಗ್ ನಗರದಲ್ಲೇ ಇದೆ.

ಉಕ್ಕು ಕುಸಿಯುವ ಹೊತ್ತಿಗೆ ಹಣಕಾಸಿನ ಬುನಾದಿ ಸಿದ್ಧವಿತ್ತು. ಹೋಲ್ಡಿಂಗ್ ಕಂಪನಿಗಳಿಗೆ ತೆರಿಗೆ ವಿನಾಯಿತಿ ಕೊಡುವ ಕಾನೂನು 1929ರಷ್ಟು ಹಳೆಯದು. ಹೂಡಿಕೆ ನಿಧಿಗಳ ಕುರಿತ ಯೂರೋಪಿನ ನಿರ್ದೇಶನವನ್ನು 1988ರಲ್ಲಿ ಎಲ್ಲರಿಗಿಂತ ಮೊದಲು ಜಾರಿಗೆ ತಂದದ್ದೂ ಈ ದೇಶವೇ. ಈಗ ಇಲ್ಲಿ ನೋಂದಣಿಯಾದ ನಿಧಿಗಳ ಆಸ್ತಿ 5 ಲಕ್ಷ ಕೋಟಿ ಯೂರೋಗೂ ಹೆಚ್ಚು. ಇದು ದೇಶದ ವಾರ್ಷಿಕ ಜಿಡಿಪಿಯ ಸುಮಾರು ಅರವತ್ತು ಪಟ್ಟು. ಅಂತರರಾಷ್ಟ್ರೀಯ ಹಣಕಾಸು ನಿಧಿಯ ಪತ್ರಿಕೆ 2019ರಲ್ಲಿ ಪ್ರಕಟಿಸಿದ ಒಂದು ಲೆಕ್ಕದಂತೆ, ಲಕ್ಸಂಬರ್ಗ್‌ಗೆ ಬಂದ ವಿದೇಶಿ ನೇರ ಹೂಡಿಕೆ ಸುಮಾರು 4 ಲಕ್ಷ ಕೋಟಿ ಡಾಲರ್, ಅಮೆರಿಕಕ್ಕೆ ಸರಿಸಮ. ಅಷ್ಟು ಹಣದಿಂದ ಅಲ್ಲೇನೂ ಕಾರ್ಖಾನೆಗಳು ಎದ್ದಿಲ್ಲ. ಬಹುಪಾಲು ಕಾಗದದ ಕಂಪನಿಗಳ ಮೂಲಕ ಹಾದುಹೋಗುವ ಹಣ ಅದು. 2014ರ ನವೆಂಬರ್‌ನಲ್ಲಿ ‘ಲಕ್ಸ್‌ಲೀಕ್ಸ್’ ದಾಖಲೆಗಳು ಹೊರಬಿದ್ದಾಗ 340ಕ್ಕೂ ಹೆಚ್ಚು ಕಂಪನಿಗಳು ಇಲ್ಲಿ ಮಾಡಿಕೊಂಡ ತೆರಿಗೆ ಒಪ್ಪಂದಗಳು ಬಯಲಾದವು. ಬೇರೆ ದೇಶಗಳ ಶಾಲೆ, ಆಸ್ಪತ್ರೆಗಳಿಗೆ ಸೇರಬೇಕಿದ್ದ ತೆರಿಗೆಯ ಒಂದು ಭಾಗ ಈ ದಾರಿಯಲ್ಲಿ ಕರಗಿಹೋಯಿತು. ಲಕ್ಸಂಬರ್ಗ್‌ನ ಸಿರಿಯನ್ನು ಹೊಗಳುವಾಗ ಇದನ್ನು ಬಿಟ್ಟು ಮಾತಾಡುವುದು ಸರಿಯಲ್ಲ.

ಮೂರು ಪ್ರಶ್ನೆಗೆ ಒಂದೇ ಉತ್ತರ

ಸಂಖ್ಯೆಗಳು ಈ ದೇಶದ ಅಸ್ತಿತ್ವವನ್ನೇ ಕೆಣಕಿದ ಒಂದು ದಿನವೂ ಇದೆ. 1940ರಲ್ಲಿ ನಾಜಿ ಸೇನೆ ಲಕ್ಸಂಬರ್ಗನ್ನು ಆಕ್ರಮಿಸಿತು. ಗೌಲೈಟರ್ (ನಾಜಿ ಪಕ್ಷದ ಪ್ರಾಂತ್ಯ ಮುಖ್ಯಸ್ಥ) ಗುಸ್ಟಾವ್ ಸಿಮೊನ್‌ನ ಆಡಳಿತ 1941ರ ಅಕ್ಟೋಬರ್ 10ಕ್ಕೆ ಜನಗಣತಿ ನಿಗದಿ ಮಾಡಿತು. ಅರ್ಜಿಯಲ್ಲಿ ಪೌರತ್ವ, ಮಾತೃಭಾಷೆ, ಜನಾಂಗ ಎಂಬ ಮೂರು ಪ್ರಶ್ನೆಗಳಿದ್ದವು. ಭಾಷೆಗೂ ಜನಾಂಗಕ್ಕೂ ‘ಲಕ್ಸಂಬರ್ಗ್’ ಎಂಬ ಉತ್ತರ ಸಲ್ಲದು ಎಂಬ ಸೂಚನೆಯೂ ಇತ್ತು. ಜನ ‘ಜರ್ಮನ್’ ಎಂದು ಬರೆದರೆ ಸಾಕು, ವಿಲೀನಕ್ಕೆ ಒಪ್ಪಿಗೆ ಸಿಕ್ಕಿತೆಂದು ಜಗತ್ತಿಗೆ ತೋರಿಸಬಹುದಿತ್ತು. ಭೂಗತ ಗುಂಪುಗಳು ಕರಪತ್ರ ಹಂಚಿದವು: ‘ದ್ರೈಮೋಲ್ ಲೆಟ್ಸೆಬುಯರ್ಗೆಶ್’, ಮೂರು ಸಲವೂ ಲಕ್ಸಂಬರ್ಗ್ ಎಂದೇ ಬರೆಯಿರಿ ಎಂದು. ಪ್ರಾಯೋಗಿಕ ಎಣಿಕೆಯಲ್ಲಿ ಜನ ಹಾಗೇ ಬರೆಯುತ್ತಿದ್ದಾರೆಂದು ಗೊತ್ತಾದಾಗ ಆಡಳಿತ ಗಣತಿಯನ್ನೇ ಕೈಬಿಟ್ಟಿತು. ಆ ಅಕ್ಟೋಬರ್ ದಿನದ ಆಸುಪಾಸಿನ ಭಾನುವಾರ ದೇಶ ಇಂದಿಗೂ ರಾಷ್ಟ್ರೀಯ ಸ್ಮರಣೆಯ ದಿನ ಆಚರಿಸುತ್ತದೆ. ಅಂದು ಬರೆದ ಆ ಭಾಷೆ 1984ರಲ್ಲಿ ಕಾನೂನಿನ ಪ್ರಕಾರ ರಾಷ್ಟ್ರಭಾಷೆಯಾಯಿತು.

ಈಗ ಎಣಿಕೆ ಬೇರೆಯದೇ ಪ್ರಶ್ನೆ ಎತ್ತುತ್ತಿದೆ. ನಿವಾಸಿಗಳಲ್ಲಿ ಸುಮಾರು ಶೇ 47ರಷ್ಟು ಮಂದಿ ವಿದೇಶಿ ಪೌರರು. ರಾಜಧಾನಿಯಲ್ಲಂತೂ ಶೇ 70ರ ಹತ್ತಿರ. ಗಡಿಯಾಚೆಯವರನ್ನೂ ಸೇರಿಸಿದರೆ ಸಂಬಳಕ್ಕೆ ದುಡಿಯುವವರಲ್ಲಿ ಲಕ್ಸಂಬರ್ಗ್ ಪೌರರ ಪಾಲು ಕಾಲುಭಾಗಕ್ಕೆ ತುಸು ಹೆಚ್ಚು ಅಷ್ಟೇ. ಅವರಲ್ಲೂ ಬಹಳಷ್ಟು ಮಂದಿ ಸರ್ಕಾರಿ ಮತ್ತು ಸರ್ಕಾರಕ್ಕೆ ಹೊಂದಿಕೊಂಡ ನೌಕರಿಗಳಲ್ಲಿದ್ದಾರೆ. ಖಾಸಗಿ ಕಟ್ಟಡ, ಹೋಟೆಲ್, ಸ್ವಚ್ಛತೆ, ಬ್ಯಾಂಕು ಇವೆಲ್ಲ ನಡೆಯುವುದು ಉಳಿದವರಿಂದ.

ಸಿರಿವಂತ ನಾಡಿನಲ್ಲಿ ದುಡಿದೂ ಬಡವರಾಗಿ ಉಳಿದವರ ಪಾಲು ಯೂರೋಪ್ ಒಕ್ಕೂಟದಲ್ಲೇ ಅತಿ ಹೆಚ್ಚಿನವುಗಳಲ್ಲಿ ಒಂದು. ಬಡತನದ ರೇಖೆ ಅಲ್ಲಿ ಒಬ್ಬರಿಗೆ ತಿಂಗಳಿಗೆ ಎರಡು ಸಾವಿರ ಯೂರೋಗೂ ಮೇಲಿದೆ, ಆ ಮೊತ್ತ ಕೇಳಿ ಇದೆಂಥ ಬಡತನ ಎನ್ನುವವರು ಮನೆಯ ಬೆಲೆ ನೋಡಬೇಕು. 2025ರ ಮೇ ತಿಂಗಳಲ್ಲಿ ಕನಿಷ್ಠ ವೇತನ ಕಡಿತಗಳಿಗೆ ಮೊದಲು 2,704 ಯೂರೋ ಆಯಿತು. ರಾಜಧಾನಿಯಲ್ಲಿ ಫ್ಲ್ಯಾಟಿನ ಬೆಲೆ ಚದರ ಮೀಟರಿಗೆ ಹತ್ತು ಸಾವಿರ ಯೂರೋ ಆಸುಪಾಸು. ತಿಂಗಳ ಪೂರ್ತಿ ಸಂಬಳಕ್ಕೆ ಸಿಗುವುದು ಅರ್ಧ ಮೀಟರ್ ಉದ್ದ, ಅರ್ಧ ಮೀಟರ್ ಅಗಲದ ಜಾಗ. ಬಾಡಿಗೆ ತಾಳಲಾರದೆ ಲಕ್ಸಂಬರ್ಗ್ ಪೌರರೇ ಜರ್ಮನಿಯ ಟ್ರಿಯರ್ ಕಡೆಯ ಹಳ್ಳಿಗಳಿಗೆ, ಬೆಲ್ಜಿಯಂನ ಆರ್ಲೊನ್‌ಗೆ ಮನೆ ಬದಲಾಯಿಸಿ, ಬೆಳಿಗ್ಗೆ ಸ್ವಂತ ದೇಶಕ್ಕೆ ಗಡಿಯಾಚೆಯ ನೌಕರರಾಗಿ ಬರುತ್ತಿದ್ದಾರೆ. ಅಲ್ಲಿಗೆ ಅವರೂ ತಲಾ ಲೆಕ್ಕದ ಛೇದದಿಂದ ಹೊರಬಿದ್ದರು. ಬಡಪಾಯಿ ಹೊರಹೋದಷ್ಟೂ ಸರಾಸರಿ ಮೇಲೇರುತ್ತದೆ.

ಇವರೆಲ್ಲರ ಬದುಕನ್ನು ನಿರ್ಧರಿಸುವ ಸಂಸತ್ತಿನಲ್ಲಿ 60 ಸ್ಥಾನಗಳಿವೆ. ದೀರ್ಘಕಾಲ ನೆಲೆಸಿದ ವಿದೇಶಿಯರಿಗೆ ಸಂಸತ್ ಚುನಾವಣೆಯಲ್ಲಿ ಮತದಾನದ ಹಕ್ಕು ಕೊಡೋಣವೇ ಎಂದು 2015ರ ಜೂನ್ 7ರಂದು ಜನಮತಗಣನೆ ನಡೆಯಿತು. ಮತ ಹಾಕಿದವರು ಪೌರರು ಮಾತ್ರ. ಶೇ 78ರಷ್ಟು ಜನ ಬೇಡ ಎಂದರು. ಪೌರತ್ವದ ನಿಯಮಗಳನ್ನು 2017ರಲ್ಲಿ ಸಡಿಲಿಸಲಾಗಿದೆ, ಸ್ಥಳೀಯ ಚುನಾವಣೆಗಳ ಬಾಗಿಲೂ ವಿದೇಶಿಯರಿಗೆ ತೆರೆದಿದೆ. ಸಂಸತ್ತಿನ ಮುಂದಿನ ಚುನಾವಣೆ 2028ರಲ್ಲಿ ನಡೆಯಬೇಕಿದೆ. ಕಾನೂನು ಬದಲಾಗದಿದ್ದರೆ ಅಲ್ಲಿ ವಾಸಿಸುವ ವಯಸ್ಕರಲ್ಲಿ ಸುಮಾರು ಅರ್ಧದಷ್ಟು ಮಂದಿಗೆ ಆಗಲೂ ಮತ ಇರುವುದಿಲ್ಲ.