ಪಟ್ಟಿ ಬೇರೆ, ಪುಸ್ತಕ ಬೇರೆ: ಕಂಪ್ಯೂಟರ್ ಆಟಗಳ ಸಂಗ್ರಹವನ್ನು ಅಚ್ಚುಕಟ್ಟು ಮಾಡುವ ಬಗೆ



ನಿಮ್ಮಲ್ಲಿ ಅನೇಕರ ಮನೆಗಳಲ್ಲಿ ಇಂದು ಕಂಪ್ಯೂಟರ್ ಇದೆ. ಕೆಲವರ ಕಂಪ್ಯೂಟರಿನೊಳಗೆ ತೆರೆಯ ಮೇಲೆ ಚಿತ್ರ ಮೂಡಿಸುವುದಕ್ಕೆಂದೇ ಮೀಸಲಾದ ಒಂದು ಫಲಕ, ಅಂದರೆ ಗ್ರಾಫಿಕ್ಸ್ ಕಾರ್ಡ್ ಇರುತ್ತದೆ. ಆ ಕಾರ್ಡಿನ ಜೊತೆಗೆ ಬರುವ ತಂತ್ರಾಂಶವನ್ನು ತೆರೆದು ನೋಡಿ. ನಿಮ್ಮ ಆಟಗಳ ಉದ್ದನೆಯ ಪಟ್ಟಿಯೊಂದು ಕಾಣುತ್ತದೆ. ಹೋದ ವರ್ಷವೇ ತೆಗೆದುಹಾಕಿದ ಆಟದ ಹೆಸರು ಅಲ್ಲಿ ಇನ್ನೂ ಇರಬಹುದು. ಒಂದೇ ಆಟ ಎರಡು ಸಲ ಕಾಣಬಹುದು. ಆಟವೇ ಅಲ್ಲದ ವಿಡಿಯೋ ಸಂಕಲನದ ತಂತ್ರಾಂಶ ಕೂಡ ಆಟಗಳ ಸಾಲಿನಲ್ಲಿ ಬಂದು ಕುಳಿತಿರಬಹುದು. ಈ ಕಸವನ್ನು ಗುಡಿಸುವುದು ಹೇಗೆ? ಗುಡಿಸುವಾಗ ಬೇಕಾದದ್ದು ಕಸದ ಜೊತೆಗೆ ಹೋಗದಂತೆ ನೋಡಿಕೊಳ್ಳುವುದು ಹೇಗೆ?

ಎರಡನೆಯ ಪ್ರಶ್ನೆಯೇ ಹೆಚ್ಚು ಮುಖ್ಯವಾದದ್ದು. ಅದಕ್ಕೆ ಉತ್ತರವನ್ನು ನಾನು ಕಲಿತದ್ದು ತಪ್ಪು ಮಾಡಿದ ಮೇಲೆ.

ನನ್ನ ಅಕ್ಕನ ಮಗ ಪಿ.ಯು.ಸಿ. ಓದುತ್ತಿದ್ದಾಗ ಒಂದು ರಾತ್ರಿ ಫೋನ್ ಮಾಡಿದ. ಮರುದಿನ ಕಾಲೇಜಿನಲ್ಲಿ ತೋರಿಸಬೇಕಾದ ವಿಡಿಯೋ ಸಿದ್ಧವಾಗಿದೆ, ಆದರೆ ಉಳಿಸಿಡಲು ಡಿಸ್ಕಿನಲ್ಲಿ ಜಾಗವಿಲ್ಲ ಎಂದ. ಗ್ರಾಫಿಕ್ಸ್ ತಂತ್ರಾಂಶದ ಪಟ್ಟಿಯಿಂದ ಹತ್ತಾರು ಆಟಗಳನ್ನು ಅವನು ಆಗಲೇ ತೆಗೆದಿದ್ದ. ಜಾಗ ಮಾತ್ರ ಒಂದಿಷ್ಟೂ ಹೆಚ್ಚಿರಲಿಲ್ಲ. ನಾನು ಸಂಕಲನ ಕೊಠಡಿಯ ಗಡಿಬಿಡಿಯಲ್ಲಿದ್ದೆ. ‘ಆಡದೆ ಬಿಟ್ಟಿರುವ ಆಟದ ಫೋಲ್ಡರನ್ನೇ ಅಳಿಸಿಬಿಡೋ’ ಎಂದೆ. ಅವನು ಕಸದ ಬುಟ್ಟಿಗೂ ಹೋಗದಂತೆ ಶಾಶ್ವತವಾಗಿ ಅಳಿಸಿದ. ಅದು ಊರು ಕಟ್ಟುವ ಒಂದು ಹಳೆಯ ಆಟ. ಅವನೂ ಅವನ ತಂಗಿಯೂ ಸೇರಿ ಎರಡು ಬೇಸಿಗೆ ರಜೆಗಳಲ್ಲಿ ಅದರಲ್ಲಿ ಒಂದು ಊರು ಕಟ್ಟಿದ್ದರು. ಆಟ ತನ್ನ ದಾಖಲೆಗಳನ್ನು ತನ್ನ ಫೋಲ್ಡರಿನೊಳಗೇ ಇಟ್ಟುಕೊಳ್ಳುತ್ತಿತ್ತು ಎಂಬುದು ಅವನಿಗೆ ತಿಳಿದಿರಲಿಲ್ಲ. ನಾನು ಕೇಳಲೂ ಇಲ್ಲ. ಎರಡು ದಿನ ಬಿಟ್ಟು ಮತ್ತೆ ಫೋನ್ ಬಂತು. ‘ಮಾವ, ಆಟ ಮತ್ತೆ ಹಾಕಿದೆ. ಊರು ಇಲ್ಲ’ ಎಂದ.

ಪಟ್ಟಿ, ಆಟ, ಆಟಗಾರನ ದಾಖಲೆ ಇವು ಮೂರೂ ಬೇರೆ ಬೇರೆ ಎಂಬುದನ್ನು ನಾವಿಬ್ಬರೂ ಮರೆತದ್ದೇ ಈ ನಷ್ಟಕ್ಕೆ ಕಾರಣ. ಇವುಗಳನ್ನು ಒಂದೊಂದಾಗಿ ನೋಡೋಣ.

ಕಾರ್ಡಿಗೆ ಪಟ್ಟಿ ಏಕೆ ಬೇಕು?

ತೆರೆಯ ಮೇಲಿನ ಚಿತ್ರ ಸಣ್ಣ ಸಣ್ಣ ಚುಕ್ಕಿಗಳಿಂದ ಆಗಿರುತ್ತದೆ. ಸಾಮಾನ್ಯವಾದ ಒಂದು ತೆರೆಯಲ್ಲಿ ಅಡ್ಡಕ್ಕೆ 1920, ಉದ್ದಕ್ಕೆ 1080 ಚುಕ್ಕಿಗಳು. ಗುಣಿಸಿದರೆ 20,73,600. ಆಟ ಸರಾಗವಾಗಿ ಓಡಬೇಕಾದರೆ ಸೆಕೆಂಡಿಗೆ 60 ಚಿತ್ರಗಳಾದರೂ ಬೇಕೆಂದು ಇಟ್ಟುಕೊಳ್ಳಿ. ಆಗ ಕಾರ್ಡು ಪ್ರತಿ ಸೆಕೆಂಡಿಗೆ ಹನ್ನೆರಡು ಕೋಟಿಗೂ ಹೆಚ್ಚು ಚುಕ್ಕಿಗಳ ಬಣ್ಣವನ್ನು ಲೆಕ್ಕ ಹಾಕಬೇಕು. 3840 ಅಡ್ಡ, 2160 ಉದ್ದದ ತೆರೆಯಾದರೆ ಈ ಕೆಲಸ ನಾಲ್ಕು ಪಟ್ಟು.

ಎಲ್ಲ ಆಟಗಳೂ ಕಾರ್ಡಿನ ಮೇಲೆ ಒಂದೇ ಭಾರ ಹೊರಿಸುವುದಿಲ್ಲ. ಚದುರಂಗದ ಆಟಕ್ಕೆ ಸಾಕಾಗುವ ಶಕ್ತಿ ಕಾರು ಓಟದ ಆಟಕ್ಕೆ ಸಾಲದು. ಆದ್ದರಿಂದ ನೆರಳು ಎಷ್ಟು ನವಿರಾಗಿರಬೇಕು, ಅಂಚುಗಳನ್ನು ಎಷ್ಟು ನಯಗೊಳಿಸಬೇಕು, ಸೆಕೆಂಡಿಗೆ ಎಷ್ಟು ಚಿತ್ರಗಳಿಗೆ ಮಿತಿ ಹಾಕಬೇಕು ಎಂಬುದನ್ನು ಒಂದೊಂದು ಆಟಕ್ಕೂ ಬೇರೆಯಾಗಿ ಗೊತ್ತುಮಾಡಬೇಕಾಗುತ್ತದೆ. ಇಂಥ ಆಯ್ಕೆಗಳ ಕಟ್ಟನ್ನು ಪ್ರೊಫೈಲ್ ಎನ್ನುತ್ತಾರೆ. ಯಾವ ಆಟಕ್ಕೆ ಯಾವ ಪ್ರೊಫೈಲ್ ಎಂದು ನೆನಪಿಡುವುದಕ್ಕೇ ತಂತ್ರಾಂಶಕ್ಕೆ ಪಟ್ಟಿ ಬೇಕು.

1993ರಲ್ಲಿ ಅಮೆರಿಕದಲ್ಲಿ ಆರಂಭವಾದ ಎನ್‌ವಿಡಿಯಾ ಕಂಪನಿ ಇದಕ್ಕಾಗಿ ಹಲವು ವರ್ಷ ಜಿಫೋರ್ಸ್ ಎಕ್ಸ್‌ಪೀರಿಯೆನ್ಸ್ ಎಂಬ ತಂತ್ರಾಂಶವನ್ನು ಕೊಡುತ್ತಿತ್ತು. ಅದರ ಜಾಗಕ್ಕೆ ಎನ್‌ವಿಡಿಯಾ ಆ್ಯಪ್ ಬಂತು. 2024ರ ಫೆಬ್ರವರಿಯಲ್ಲಿ ಪ್ರಾಯೋಗಿಕವಾಗಿ, ನವೆಂಬರಿನಲ್ಲಿ ಪೂರ್ಣ ರೂಪದಲ್ಲಿ. ಎಎಂಡಿ ಕಂಪನಿಯ ಕಾರ್ಡುಗಳಿಗೆ ಅಡ್ರಿನಲಿನ್ ಎಂಬ ತಂತ್ರಾಂಶವಿದೆ. ಹೆಸರು, ಗುಂಡಿಗಳ ಜಾಗ ಆವೃತ್ತಿಯಿಂದ ಆವೃತ್ತಿಗೆ ಬದಲಾಗುತ್ತವೆ. ಕೆಲಸದ ರೀತಿ ಮಾತ್ರ ಬಹುಮಟ್ಟಿಗೆ ಒಂದೇ.

ಹೆಸರು ಎಲ್ಲಿಂದ ಬಂತು?

ತಂತ್ರಾಂಶ ಡಿಸ್ಕಿನ ಕೆಲವು ಸ್ಥಳಗಳನ್ನು ಹುಡುಕುತ್ತದೆ. ಅಲ್ಲಿ ತನಗೆ ಪರಿಚಯವಿರುವ ಆಟಗಳ ಕಡತಗಳು ಸಿಕ್ಕರೆ ಹೆಸರನ್ನೂ ವಿಳಾಸವನ್ನೂ ಬರೆದುಕೊಳ್ಳುತ್ತದೆ. ಸಿಗದೇ ಹೋದ ಆಟವನ್ನು ನೀವೇ ತೋರಿಸಿ ಸೇರಿಸಬಹುದು.

ಗೊಂದಲ ಹುಟ್ಟುವುದು ಇಲ್ಲಿಯೇ. ಆಟವನ್ನು ಬೇರೊಂದು ಡಿಸ್ಕಿಗೆ ಸಾಗಿಸಿದಾಗ ಹಳೆಯ ವಿಳಾಸವೂ ಹೊಸ ವಿಳಾಸವೂ ಎರಡೂ ಪಟ್ಟಿಯಲ್ಲಿ ಉಳಿಯಬಹುದು. ಆಟವನ್ನು ಅದರ ಅಂಗಡಿಯ ತಂತ್ರಾಂಶದಿಂದ, ಉದಾಹರಣೆಗೆ 2003ರಲ್ಲಿ ಆರಂಭವಾದ ಸ್ಟೀಮ್‌ನಿಂದ ತೆಗೆದಾಗ ಆ ಸುದ್ದಿ ಕಾರ್ಡಿನ ತಂತ್ರಾಂಶಕ್ಕೆ ಕೂಡಲೇ ಮುಟ್ಟದೆ ಇರಬಹುದು. ಚಿತ್ರ ಬಿಡಿಸುವ, ವಿಡಿಯೋ ಸಂಕಲಿಸುವ ತಂತ್ರಾಂಶಗಳೂ ಕಾರ್ಡಿನ ಶಕ್ತಿಯನ್ನು ಬಳಸುವುದರಿಂದ ಅವುಗಳ ಹೆಸರೂ ಬರುತ್ತದೆ. ಅವು ತಪ್ಪಾಗಿ ಬಂದವಲ್ಲ. ಆಟವಾಡುವವರಿಗೆ ಬೇಡದವು, ಅಷ್ಟೆ.

ಗ್ರಂಥಾಲಯದ ಪಾಠ

ಆಟಗಳ ಈ ಸಂಗ್ರಹವನ್ನು ಇಂಗ್ಲಿಷಿನಲ್ಲಿ ಲೈಬ್ರರಿ ಎಂದೇ ಕರೆಯುತ್ತಾರೆ. ಆದ್ದರಿಂದ ನಿಜವಾದ ಗ್ರಂಥಾಲಯವನ್ನು ಸ್ವಲ್ಪ ನೆನೆಯೋಣ. ನಮ್ಮ ದೇಶದ ಗ್ರಂಥಾಲಯ ಶಾಸ್ತ್ರಕ್ಕೆ ಬುನಾದಿ ಹಾಕಿದ ಎಸ್. ಆರ್. ರಂಗನಾಥನ್ ಮೊದಲು ಗಣಿತದ ಅಧ್ಯಾಪಕರು. 1931ರಲ್ಲಿ ಅವರು ಗ್ರಂಥಾಲಯದ ಐದು ಸೂತ್ರಗಳನ್ನು ಪ್ರಕಟಿಸಿದರು. 1962ರಲ್ಲಿ ಬೆಂಗಳೂರಿನಲ್ಲಿ ಈ ಶಾಸ್ತ್ರದ ಸಂಶೋಧನೆ ಮತ್ತು ತರಬೇತಿಗಾಗಿ ಕೇಂದ್ರವೊಂದನ್ನು ಸ್ಥಾಪಿಸಿದರು. 1972ರಲ್ಲಿ ಇದೇ ಊರಿನಲ್ಲಿ ತೀರಿಕೊಂಡರು. ಅವರ ನಾಲ್ಕನೆಯ ಸೂತ್ರ ಓದುಗನ ಸಮಯವನ್ನು ಉಳಿಸುವುದನ್ನು ಕುರಿತದ್ದು. ಐದನೆಯದು ಗ್ರಂಥಾಲಯವನ್ನು ಬೆಳೆಯುವ ಜೀವಿಯಾಗಿ ಕಾಣುತ್ತದೆ.

ಗ್ರಂಥಾಲಯದಲ್ಲಿ ಸಣ್ಣ ಡ್ರಾಯರುಗಳ ತುಂಬ ಸೂಚಿ ಕಾರ್ಡುಗಳಿರುತ್ತಿದ್ದವು. ಒಂದು ಪುಸ್ತಕಕ್ಕೆ ಒಂದು ಕಾರ್ಡು. ಅದರಲ್ಲಿ ಹೆಸರು ಮತ್ತು ಪುಸ್ತಕವಿರುವ ಜಾಗ. ಕಾರ್ಡನ್ನು ಹರಿದು ಹಾಕಿದರೆ ಕಪಾಟಿನಲ್ಲಿ ಜಾಗವಾಗುವುದಿಲ್ಲ. ಪುಸ್ತಕ ಇದ್ದಲ್ಲಿಯೇ ಇರುತ್ತದೆ. ಪುಸ್ತಕವನ್ನು ಎಸೆದರೆ ಕಾರ್ಡು ಸುಮ್ಮನೆ ಸುಳ್ಳು ಹೇಳುತ್ತಾ ಕುಳಿತಿರುತ್ತದೆ. ಮೂರನೆಯದೊಂದೂ ಇದೆ. ಓದುಗ ಬಂದು ಕುಳಿತು ಬರೆದುಕೊಂಡ ಟಿಪ್ಪಣಿ ಪುಸ್ತಕ. ಅದನ್ನು ಅವನು ಗ್ರಂಥಾಲಯದ ಪುಸ್ತಕದೊಳಗೇ ಇಟ್ಟು ಹೋಗಿದ್ದರೆ? ಪುಸ್ತಕದ ಜೊತೆ ಅದೂ ರದ್ದಿಗೆ ಹೋಗುತ್ತದೆ.

ನಿಮ್ಮ ಕಂಪ್ಯೂಟರಿನಲ್ಲಿ ಪಟ್ಟಿಯಲ್ಲಿನ ಹೆಸರು ಸೂಚಿ ಕಾರ್ಡು. ಡಿಸ್ಕಿನಲ್ಲಿರುವ ಆಟ ಪುಸ್ತಕ. ನೀವು ಎಲ್ಲಿಯವರೆಗೆ ಆಡಿದ್ದೀರಿ ಎಂಬುದನ್ನು ಹೇಳುವ ‘ಸೇವ್’ ಕಡತ ನಿಮ್ಮ ಟಿಪ್ಪಣಿ ಪುಸ್ತಕ.

ಈಗ ಒಂದು ಪ್ರಶ್ನೆ ಕೇಳಿಕೊಳ್ಳಿ. ಇವುಗಳಲ್ಲಿ ಕಳೆದುಹೋದರೆ ಮತ್ತೆ ಸಿಗುವುದು ಯಾವುದು? ಹೆಸರು ಹೋದರೆ ಇನ್ನೊಮ್ಮೆ ಹುಡುಕಿಸಬಹುದು, ಇಲ್ಲವೇ ನೀವೇ ಸೇರಿಸಬಹುದು. ಪ್ರೊಫೈಲ್ ಹೋದರೆ ಹತ್ತು ನಿಮಿಷದಲ್ಲಿ ಮತ್ತೆ ಹೊಂದಿಸಬಹುದು. ಕೊಂಡ ಆಟ ಸಾಮಾನ್ಯವಾಗಿ ನಿಮ್ಮ ಖಾತೆಯಲ್ಲಿ ಉಳಿದಿರುತ್ತದೆ, ಮತ್ತೆ ಇಳಿಸಿಕೊಳ್ಳಬಹುದು. ನೀವು ಕಟ್ಟಿದ ಊರು ಮಾತ್ರ ಯಾವ ಅಂಗಡಿಯಲ್ಲೂ ಸಿಗುವುದಿಲ್ಲ. ಇಡೀ ಕೆಲಸಕ್ಕೆ ಈ ಒಂದು ಪ್ರಶ್ನೆ ಸಾಕು.

ಜಾಗ ತಿನ್ನುವುದು ಯಾವುದು?

ಪಟ್ಟಿಯಲ್ಲಿನ ಹೆಸರು ಡಿಸ್ಕಿನಲ್ಲಿ ಹಿಡಿಯುವ ಜಾಗ ಲೆಕ್ಕಕ್ಕೇ ಇಲ್ಲದಷ್ಟು ಕಡಿಮೆ. ಆಟ ಹತ್ತಾರು ಗಿಗಾಬೈಟ್ ಹಿಡಿಯಬಹುದು. ಆದರೆ ಕಣ್ಣಿಗೆ ಬೀಳದ ಇನ್ನೊಂದು ಇದೆ. ಈ ತಂತ್ರಾಂಶಗಳು ನಿಮ್ಮ ಆಟವನ್ನು ವಿಡಿಯೋ ಆಗಿಯೂ ಮುದ್ರಿಸಿಕೊಳ್ಳಬಲ್ಲವು. ದೂರದರ್ಶನದ ಕೆಲಸದಲ್ಲಿರುವ ನನಗೆ ಈ ಲೆಕ್ಕ ದಿನನಿತ್ಯದ್ದು. ಸೆಕೆಂಡಿಗೆ 50 ಮೆಗಾಬಿಟ್ ದರದಲ್ಲಿ ಮುದ್ರಿಸಿದರೆ, 8ರಿಂದ ಭಾಗಿಸಿದಾಗ ಸೆಕೆಂಡಿಗೆ 6.25 ಮೆಗಾಬೈಟ್, ನಿಮಿಷಕ್ಕೆ 375, ಒಂದು ಗಂಟೆಗೆ 22,500 ಮೆಗಾಬೈಟ್, ಅಂದರೆ 22.5 ಗಿಗಾಬೈಟ್. ಅಕ್ಕನ ಮಗನ ಕಂಪ್ಯೂಟರಿನಲ್ಲಿ ಆಮೇಲೆ ಕುಳಿತು ನೋಡಿದಾಗ ವಿಡಿಯೋ ಫೋಲ್ಡರಿನಲ್ಲಿ ಅವನು ಒಮ್ಮೆಯೂ ತಿರುಗಿ ನೋಡದ ಇಂಥ ಮುದ್ರಣಗಳೇ ತುಂಬಿದ್ದವು. ಅವುಗಳಲ್ಲಿ ನಾಲ್ಕನ್ನು ಅಳಿಸಿದ್ದರೆ ಊರು ಉಳಿಯುತ್ತಿತ್ತು.

ಶೇಡರ್ ಕ್ಯಾಶ್ ಎಂಬ ಇನ್ನೊಂದು ಸಂಗ್ರಹವೂ ಇದೆ. ಬೆಳಕು ನೆರಳುಗಳ ಲೆಕ್ಕ ಮಾಡುವ ಸಣ್ಣ ಕ್ರಮವಿಧಿಗಳನ್ನು ಕಾರ್ಡಿನ ಭಾಷೆಗೆ ಒಮ್ಮೆ ಪರಿವರ್ತಿಸಿ, ಮುಂದಿನ ಬಾರಿಗೆಂದು ಇಟ್ಟುಕೊಂಡಿರುವ ಪ್ರತಿಗಳು ಅವು. ಅಳಿಸಿದರೆ ಹಾನಿಯಿಲ್ಲ, ಮತ್ತೆ ತಾವಾಗಿಯೇ ತಯಾರಾಗುತ್ತವೆ. ಆದರೆ ಮೊದಲ ಸಲ ಆಡುವಾಗ ಆಟ ತುಸು ತಡವರಿಸಬಹುದು.

ಗುಡಿಸುವ ಕ್ರಮ

ಇಷ್ಟು ತಿಳಿದ ಮೇಲೆ ಕೆಲಸ ಸುಲಭ. ಈ ಕ್ರಮದಲ್ಲಿ ಮಾಡಿ.

1. ಮೊದಲು ಏನನ್ನೂ ಅಳಿಸಬೇಡಿ. ಒಂದು ಹಾಳೆಯಲ್ಲಿ ಮೂರು ಅಂಕಣ ಎಳೆಯಿರಿ: ಆಟದ ಹೆಸರು, ಅದು ಇರುವ ಜಾಗ, ಅದನ್ನು ಏನು ಮಾಡಬೇಕು. ಇಡುವುದು, ಮರೆಮಾಡುವುದು, ತೆಗೆಯುವುದು ಎಂಬ ಮೂರರಲ್ಲಿ ಒಂದನ್ನು ಕೊನೆಯ ಅಂಕಣದಲ್ಲಿ ಬರೆಯಿರಿ.

2. ತೆಗೆಯಬೇಕೆಂದಿರುವ ಆಟದ ಸೇವ್ ಕಡತ ಎಲ್ಲಿದೆ ಎಂದು ಪತ್ತೆ ಮಾಡಿ. ವಿಂಡೋಸ್‌ನಲ್ಲಿ ಅದು ಡಾಕ್ಯುಮೆಂಟ್ಸ್‌ನೊಳಗಿನ ಮೈ ಗೇಮ್ಸ್, ಸೇವ್ಡ್ ಗೇಮ್ಸ್, ಮರೆಯಾಗಿರುವ ಆ್ಯಪ್‌ಡೇಟಾ ಇವುಗಳಲ್ಲಿ ಯಾವುದರಲ್ಲಾದರೂ ಇರಬಹುದು. ಹಳೆಯ ಆಟವಾದರೆ ಆಟದ ಫೋಲ್ಡರಿನಲ್ಲಿಯೇ ಇರಬಹುದು. ಅದರ ಪ್ರತಿಯನ್ನು ಪೆನ್ ಡ್ರೈವಿಗೆ ಹಾಕಿ. ಕೆಲವು ಆಟಗಳ ದಾಖಲೆಯನ್ನು ಸ್ಟೀಮ್ ತನ್ನ ದೂರದ ಕಂಪ್ಯೂಟರುಗಳಲ್ಲಿ ಉಳಿಸುತ್ತದೆ. ಎಲ್ಲ ಆಟಗಳಿಗೂ ಆ ಅನುಕೂಲವಿಲ್ಲ.

3. ನೋಡದ ವಿಡಿಯೋ ಮುದ್ರಣಗಳನ್ನು ಅಳಿಸಿ. ಬೇಕಾದ ಒಂದೆರಡನ್ನು ಬೇರೆ ಕಡೆಗೆ ಸಾಗಿಸಿ. ಜಾಗದ ಸಮಸ್ಯೆ ಇಲ್ಲಿಗೇ ಮುಗಿದುಹೋಗಬಹುದು.

4. ಇನ್ನೂ ಜಾಗ ಬೇಕಾದರೆ ಆಟವನ್ನು ಅದರ ಅಂಗಡಿಯ ತಂತ್ರಾಂಶದ ಮೂಲಕ, ಇಲ್ಲವೇ ವಿಂಡೋಸ್‌ನ ಸೆಟ್ಟಿಂಗ್ಸ್‌ನಲ್ಲಿರುವ ಆ್ಯಪ್ಸ್ ಭಾಗದ ಮೂಲಕ ತೆಗೆಯಿರಿ. ಫೋಲ್ಡರನ್ನು ಕೈಯಿಂದ ಅಳಿಸಬೇಡಿ. ಹಾಗೆ ಅಳಿಸಿದರೆ ಕೆಲವು ಗುರುತುಗಳು ಅಲ್ಲಲ್ಲಿ ಉಳಿದು, ಇಲ್ಲದ ಆಟ ಇದ್ದಂತೆ ಕಾಣುತ್ತಿರುತ್ತದೆ.

5. ಈಗ ಗ್ರಾಫಿಕ್ಸ್ ತಂತ್ರಾಂಶಕ್ಕೆ ಬನ್ನಿ. ಹುಡುಕುವ ಸ್ಥಳಗಳ ಪಟ್ಟಿ ಸೆಟ್ಟಿಂಗ್ಸ್‌ನಲ್ಲಿ ಇದ್ದರೆ, ಆಟಗಳಿರುವ ಫೋಲ್ಡರುಗಳನ್ನು ಮಾತ್ರ ಉಳಿಸಿ ಮಿಕ್ಕವನ್ನು ತೆಗೆಯಿರಿ. ಬಳಿಕ ಮತ್ತೊಮ್ಮೆ ಹುಡುಕಿಸಿ.

6. ಆಮೇಲೂ ಉಳಿಯುವ ಬೇಡದ ಹೆಸರುಗಳನ್ನು ಮರೆಮಾಡಿ. ಮರೆಮಾಡಿದ್ದನ್ನು ಮತ್ತೆ ತೋರಿಸುವ ಆಯ್ಕೆ ಎಲ್ಲಿದೆ ಎಂದು ಆಗಲೇ ನೋಡಿಟ್ಟುಕೊಳ್ಳಿ.

7. ಎನ್‌ವಿಡಿಯಾದ ಹಳೆಯ ಕಂಟ್ರೋಲ್ ಪ್ಯಾನಲ್ ಬಳಸುವವರಿಗೆ ಪ್ರೋಗ್ರಾಂ ಸೆಟ್ಟಿಂಗ್ಸ್ ಪುಟದಲ್ಲಿ ನಿಮ್ಮಲ್ಲಿ ಇಲ್ಲದ ಎಷ್ಟೋ ಆಟಗಳ ಹೆಸರು ಕಾಣಬಹುದು. ಅವು ಕಂಪನಿಯೇ ಮೊದಲಿನಿಂದ ಸೇರಿಸಿಟ್ಟ ಪ್ರೊಫೈಲ್‌ಗಳು. ಈ ಕಂಪ್ಯೂಟರಿನಲ್ಲಿ ಸಿಕ್ಕವನ್ನು ಮಾತ್ರ ತೋರಿಸು ಎಂಬ ಚೌಕಕ್ಕೆ ಗುರುತು ಹಾಕಿದರೆ ಪಟ್ಟಿ ಚಿಕ್ಕದಾಗುತ್ತದೆ. ಒಂದನ್ನೂ ಅಳಿಸಬೇಕಾಗಿಲ್ಲ.

ಒಂದು ಸಲ ಗುಡಿಸಿದ ಮಾತ್ರಕ್ಕೆ ಮುಗಿಯಿತೆಂದು ತಿಳಿಯಬೇಡಿ. ರಂಗನಾಥನ್ ಅವರ ಐದನೆಯ ಸೂತ್ರವನ್ನು ನೆನಪಿಡಿ. ಸಂಗ್ರಹ ಬೆಳೆಯುತ್ತಲೇ ಇರುತ್ತದೆ. ಪರೀಕ್ಷೆ ಮುಗಿದ ಮೇಲೆ ವರ್ಷಕ್ಕೆ ಎರಡು ಸಲ ಈ ಹಾಳೆಯನ್ನು ತೆಗೆದು ನೋಡಿದರೆ ಸಾಕು.

ಇದು ಆಟಕ್ಕೆ ಮಾತ್ರ ಸೀಮಿತವಾದ ಪಾಠವೂ ಅಲ್ಲ. ನಿಮ್ಮ ಫೋನಿನಲ್ಲಿರುವ ಫೋಟೋಗಳು, ಕಾಲೇಜಿನ ಪ್ರಬಂಧಗಳು, ಪ್ರಯೋಗಾಲಯದ ವರದಿಗಳು ಎಲ್ಲಕ್ಕೂ ಇದು ಅನ್ವಯಿಸುತ್ತದೆ. ಅಳಿಸುವ ಗುಂಡಿ ಒತ್ತುವ ಮೊದಲು ಇದು ಪಟ್ಟಿಯೋ, ಪುಸ್ತಕವೋ, ನನ್ನ ಟಿಪ್ಪಣಿಯೋ ಎಂದು ಕೇಳಿಕೊಳ್ಳಿ. ಮತ್ತೆ ಸಿಗುವುದನ್ನು ಧೈರ್ಯವಾಗಿ ತೆಗೆಯಿರಿ. ಮತ್ತೆ ಸಿಗದಿರುವುದಕ್ಕೆ ಇನ್ನೊಂದು ಪ್ರತಿ ಮಾಡಿಡಿ.

ಅಕ್ಕನ ಮಗ ಮುಂದಿನ ರಜೆಯಲ್ಲಿ ತಂಗಿಯೊಡನೆ ಮತ್ತೆ ಊರು ಕಟ್ಟಲು ಕುಳಿತ. ಹಳೆಯ ಊರಿನಂತೆ ಇದು ಬರಲಿಲ್ಲ ಎನ್ನುತ್ತಾನೆ. ಆದರೆ ಪ್ರತಿ ಭಾನುವಾರ ಅದರ ಪ್ರತಿಯೊಂದು ಪೆನ್ ಡ್ರೈವಿಗೆ ಹೋಗುತ್ತದೆ. ಆ ಕೆಲಸ ತಂಗಿಯದು.